ಮರಳಿ ಹುಟ್ಟಿದ ಮುನಿ

ಶಿರಾ ಸೀಮೆಯ ಉತ್ತರದ ಅಂಚಿನಲ್ಲಿ, ಇಂದಿನ ರಾಜ್ಯಗಳ ಗಡಿಯನ್ನು ದಾಟಿದೊಡನೆ, ಆಂಧ್ರಪ್ರದೇಶಕ್ಕೆ ಸೇರಿದ ಅಮರಾಪುರದ ನೆರೆಯಲ್ಲಿ ಹೇಮಾವತಿಯೆಂಬ ಸಣ್ಣ ಊರೊಂದುಂಟು. ಸಾವಿರ ವರ್ಷಗಳ ಹಿಂದೆ ಹೆಂಜೇರು ಎಂಬ ಹೆಸರಿನಿಂದ ನೊಳಂಬವಾಡಿ ಮೂವತ್ತೆರಡು ಸಾಸಿರದ ರಾಜಧಾನಿಯಾಗಿ ಮೆರೆದ ಈ ಊರಿನ ಶಾಸನಗಳನ್ನು, ಬಿ. ಎಲ್. ರೈಸ್ ಅವರು 1904ರಲ್ಲಿ ಪ್ರಕಟಿಸಿದ ತುಮಕೂರು ಜಿಲ್ಲೆಯ ಶಾಸನ ಸಂಪುಟದಲ್ಲಿ, ನೆರೆಯ ಶಿರಾ ತಾಲ್ಲೂಕಿನ ಶಾಸನಗಳೊಡನೆಯೇ ಸೇರಿಸಿದ್ದಾರೆ. ಅವುಗಳಲ್ಲಿ ಕ್ರಿ.ಶ. 943ನೆಯ ವರ್ಷದ ಒಂದು ಬರಹವು ಹೇಳುವ ಮಾತು ಇಷ್ಟು: ಪಾಶುಪತ ಯತಿಗಳ ಮೂಲಗುರುವಾದ ಲಕುಲೀಶನು, ತನ್ನ ಹೆಸರೂ ತನ್ನ ಕೃತಿಯೂ ಲೋಕದಲ್ಲಿ ಎಲ್ಲಿ ಮರೆತುಹೋದಾವೋ ಎಂಬ ಭಯದಿಂದ, ಚಿಲ್ಲುಕನೆಂಬ ಮುನಿನಾಥನಾಗಿ ಮತ್ತೆ ಹುಟ್ಟಿದನು.

ನಮ್ಮ ಪುರಾಣಗಳಲ್ಲಿ ಅವತಾರಗಳಿಗೆ ಕೊರತೆಯಿಲ್ಲ. ದುಷ್ಟರನ್ನು ಶಿಕ್ಷಿಸುವುದಕ್ಕೆ, ಭೂಭಾರವನ್ನು ಇಳಿಸುವುದಕ್ಕೆ, ಭಕ್ತನಿಗೆ ಕೊಟ್ಟ ಮಾತನ್ನು ನಡೆಸುವುದಕ್ಕೆ ದೇವರು ಇಳಿದು ಬಂದ ಕಥೆಗಳನ್ನು ನಾವು ಬಾಲ್ಯದಿಂದಲೇ ಕೇಳುತ್ತ ಬಂದಿದ್ದೇವೆ. ಆದರೆ ಮರವೆಗೆ ಅಂಜಿ ಮರಳಿ ಬಂದ ಗುರುವಿನ ಕಥೆ ನನಗೆ ಬೇರೆಲ್ಲಿಯೂ ದೊರೆತಿಲ್ಲ. ಕಾಲವನ್ನು ಮನಸ್ಸಿನ ಬಲದಿಂದ ಗೆದ್ದವರೆಂದು ಖ್ಯಾತರಾದ ಒಂದು ಯತಿಪಂಥವು ತನ್ನ ಹೃದಯದ ಅಳುಕನ್ನು ಈ ಕಲ್ಲಿನ ಮೇಲೆ ಹೀಗೆ ನಿಸ್ಸಂಕೋಚವಾಗಿ ಬರೆಯಿಸಿತಲ್ಲ ಎಂಬ ಬೆರಗಿನಿಂದಲೇ ಈ ಪಂಥದ ವೃತ್ತಾಂತವನ್ನು ಇಲ್ಲಿ ಹೇಳಲು ತೊಡಗಿದ್ದೇನೆ. ಆ ಅಳುಕನ್ನು ಅವರು ಯಾವ ಮಾಯಾವಿದ್ಯೆಯಿಂದಲೂ ಪರಿಹರಿಸಿಕೊಳ್ಳಲಿಲ್ಲ. ಗುರುವಿನಿಂದ ಶಿಷ್ಯನಿಗೆ ಹೆಸರನ್ನು ಒಪ್ಪಿಸುತ್ತ ಹೋಗುವ ತಾಳ್ಮೆಯಿಂದ ಪರಿಹರಿಸಿಕೊಂಡರು ಎಂಬುದೇ ನನಗೆ ಈ ವೃತ್ತಾಂತದ ಸಾರವಾಗಿ ತೋರಿದೆ.

ಲಕುಲೀಶನು ಹುಟ್ಟಿದ್ದು ಗುಜರಾತಿನ ಕಾಯಾವರೋಹಣದಲ್ಲಿ. ಇಂದಿನ ಕಾರವಾನ್ ಗ್ರಾಮವೇ ಅದು. ಹುಟ್ಟಿದನೆಂದು ಹೇಳುವುದೂ ಸರಿಯಲ್ಲ, ಏಕೆಂದರೆ ಪುರಾಣದ ಪ್ರಕಾರ ಶಿವನು ತನ್ನ ಯೋಗಮಾಯೆಯಿಂದ ಸ್ಮಶಾನದಲ್ಲಿ ಬಿದ್ದಿದ್ದ ಅನಾಥ ಶವವೊಂದನ್ನು ಹೊಕ್ಕು, ಕೈಯಲ್ಲಿ ಲಕುಟವನ್ನು, ಎಂದರೆ ದೊಣ್ಣೆಯನ್ನು ಹಿಡಿದು ಎದ್ದು ಕುಳಿತನು. ಕಾಯದೊಳಕ್ಕೆ ಇಳಿದ ಸ್ಥಳವಾದುದರಿಂದಲೇ ಊರಿಗೆ ಆ ಹೆಸರು. ಅವನಿಗೆ ಕುಶಿಕ, ಗರ್ಗ, ಮಿತ್ರ, ಕೌರುಷ್ಯರೆಂದು ನಾಲ್ವರು ಶಿಷ್ಯರು. ಬಹುಕಾಲ ಇದೆಲ್ಲ ಬರಿಯ ಕಥೆಯೆಂದೇ ವಿದ್ವಾಂಸರು ಬಗೆದಿದ್ದರು. ಶಾಸನತಜ್ಞ ಫ್ಲೀಟ್ ಅವರಂತೂ ಲಕುಲೀಶನೆಂಬ ಹೆಸರನ್ನು ಬಳ್ಳಿಗಾವೆಯ ಶಾಸನದಲ್ಲಿ ಕಂಡು, ಪಂಥದ ಮೂಲಪುರುಷನನ್ನು ಹನ್ನೊಂದನೆಯ ಶತಮಾನದವನೆಂದು ಮೊದಲಲ್ಲಿ ಎಣಿಸಿದ್ದುಂಟು. ಆದರೆ ಮಥುರೆಯಲ್ಲಿ ದೊರೆತ ಸ್ತಂಭವೊಂದರ ಮೇಲೆ, ಗುಪ್ತಚಕ್ರವರ್ತಿ ಎರಡನೆಯ ಚಂದ್ರಗುಪ್ತನ ಕಾಲದಲ್ಲಿ, ಕ್ರಿ.ಶ. 380ರಲ್ಲಿ, ಉದಿತಾಚಾರ್ಯನೆಂಬವನು ತಾನು ಕುಶಿಕನಿಂದ ಹತ್ತನೆಯವನೆಂದು ಹೇಳಿಕೊಂಡು, ತನ್ನ ಗುರುಗಳ ಸ್ಮರಣೆಗಾಗಿ ಎರಡು ಲಿಂಗಗಳನ್ನು ಪ್ರತಿಷ್ಠಿಸಿದ ಸಂಗತಿ ಹೊರಬಿದ್ದ ಮೇಲೆ, ಕಥೆಯ ಗುರುವಿಗೆ ಚರಿತ್ರೆಯಲ್ಲಿ ಪೀಠ ದೊರೆಯಿತು. ಹತ್ತು ತಲೆಮಾರಿನ ಗುರುಶಿಷ್ಯರನ್ನು ಹಿಂದಕ್ಕೆ ಎಣಿಸಿದರೆ ಲಕುಲೀಶನ ಕಾಲ ಎರಡನೆಯ ಶತಮಾನಕ್ಕೆ ಹೋಗುತ್ತದೆ. ಆ ಲೆಕ್ಕದಿಂದ, ಹೆಂಜೇರಿನಲ್ಲಿ ಅವನು ಚಿಲ್ಲುಕನಾಗಿ ಕಣ್ದೆರೆದದ್ದು ಎಂಟುನೂರು ವರ್ಷಗಳ ತರುವಾಯ, ಕನ್ನಡ ನಾಡಿನ ಬಯಲಿನಲ್ಲಿ.

ಈ ಪಂಥದವರನ್ನು ಪಾಶುಪತರೆಂದೂ ಲಾಕುಳರೆಂದೂ ಕರೆದರು. ಕರ್ಣಾಟಕದಲ್ಲಿ ಹೆಚ್ಚಾಗಿ ರೂಢಿಗೆ ಬಂದ ಹೆಸರು ಕಾಳಾಮುಖರೆಂದು. ಮುಖದಲ್ಲಿ ಕಪ್ಪು ಗುರುತನ್ನು ಧರಿಸುತ್ತಿದ್ದುದರಿಂದ ಈ ಹೆಸರೆಂಬುದು ಪಂಡಿತರ ಅಭಿಪ್ರಾಯ. ಆದರೆ ಸಂಸ್ಕೃತದ ‘ಕಾಲ’ ಎಂಬ ಶಬ್ದಕ್ಕೆ ಕಪ್ಪು ಎಂಬ ಅರ್ಥದೊಡನೆ ಸಮಯ, ಮೃತ್ಯು ಎಂಬ ಅರ್ಥಗಳೂ ಹೆಣೆದುಕೊಂಡಿವೆಯಷ್ಟೆ. ಅವರು ಜಪಿಸುತ್ತಿದ್ದ ಮಂತ್ರಗಳಲ್ಲಿ ರುದ್ರನ ಹೆಸರುಗಳ ಸಾಲಿನಲ್ಲಿಯೇ ಕಾಲನೆಂಬ ಹೆಸರೂ ಇದ್ದಿತು. ಶಾಸನಗಳಲ್ಲಿ ಕಾಣಸಿಗುವ ಈ ಯತಿಗಳ ಹೆಸರುಗಳು ಹೆಚ್ಚಾಗಿ ಶಕ್ತಿ ಅಥವಾ ರಾಶಿ ಎಂದು ಕೊನೆಗೊಳ್ಳುತ್ತವೆ. ಒಂಬತ್ತನೆಯ ಶತಮಾನದ ಆರಂಭದಲ್ಲಿ ನಂದಿಬೆಟ್ಟದ ಸ್ಥಾನಕ್ಕೆ ಅಧಿಪತಿಯಾಗಿದ್ದ ಈಶ್ವರದಾಸನ ಗುರುವಿನ ಹೆಸರು ಕಾಲಶಕ್ತಿ. ಮಧುಗಿರಿಯ ಏಕಶಿಲೆಯ ನೆತ್ತಿಯಿಂದ ಆಗ್ನೇಯಕ್ಕೆ ದಿಟ್ಟಿಸಿದಾಗಲೆಲ್ಲ, ದೂರದ ನಂದಿಯ ಸೀಮೆಯಲ್ಲಿ ಇಂಥ ಹೆಸರನ್ನು ಹೊತ್ತ ಒಬ್ಬ ಮುದುಕನು ಶಿಷ್ಯನಿಗೆ ಪಾಠ ಹೇಳುತ್ತಿದ್ದನೆಂಬ ನೆನಪು ಮನಸ್ಸಿಗೆ ಬಾರದೆ ಇರದು.

ಆ ಪಾಠವು ಯಾವುದು? ಪಾಶುಪತಸೂತ್ರಗಳೂ ಅವುಗಳ ಮೇಲೆ ಕೌಂಡಿನ್ಯನು ಬರೆದ ಭಾಷ್ಯವೂ 1940ರಲ್ಲಿ ತಿರುವನಂತಪುರದಿಂದ ಅಚ್ಚಾಗಿ ಬಂದ ಮೇಲೆ ಈ ಪ್ರಶ್ನೆಗೆ ಉತ್ತರವನ್ನು ಹೇಳುವುದು ಸಾಧ್ಯವಾಯಿತು. ಸಾಧಕನು ಮೊದಲು ದೇವಾಲಯದಲ್ಲಿದ್ದು ಮೂರು ಹೊತ್ತು ಭಸ್ಮದಲ್ಲಿ ಮೀಯಬೇಕು. ದೇವರ ಮುಂದೆ ನಗಬೇಕು, ಹಾಡಬೇಕು, ಕುಣಿಯಬೇಕು. ಎರಡನೆಯ ಘಟ್ಟದಲ್ಲಿ ಅವನು ತನ್ನ ಲಾಂಛನಗಳನ್ನೆಲ್ಲ ಮರೆಮಾಡಿ ಜನರ ನಡುವೆ ಹೊಕ್ಕು, ಎಚ್ಚರದಲ್ಲಿದ್ದೇ ಗೊರಕೆ ಹೊಡೆಯುತ್ತ, ಮೈ ನಡುಗಿಸುತ್ತ, ಕುಂಟುತ್ತ, ಹುಚ್ಚನೆಂದು ಬೈಸಿಕೊಳ್ಳಬೇಕು; ಬೈದವರ ಪುಣ್ಯ ಇವನಿಗೂ ಇವನ ಪಾಪ ಬೈದವರಿಗೂ ಸೇರುವುದೆಂದು ಅವರ ನಂಬಿಕೆ. ಈ ನಂಬಿಕೆಯನ್ನು ನಾನು ಮೆಚ್ಚಲಾರೆ. ಆದರೆ ಮಾನಾಪಮಾನಗಳ ಹಂಗನ್ನು ಹರಿದುಕೊಳ್ಳುವುದಕ್ಕೆ ಇದಕ್ಕಿಂತ ಕಠಿಣವಾದ ಸಾಧನೆಯನ್ನು ಊಹಿಸಿಕೊಳ್ಳುವುದೂ ಕಷ್ಟ. ಮೂರನೆಯ ಘಟ್ಟ ಪಾಳುಮನೆಯಲ್ಲಿ ಅಥವಾ ಗುಹೆಯಲ್ಲಿ ಏಕಾಂತಧ್ಯಾನ, ನಾಲ್ಕನೆಯದು ಸ್ಮಶಾನವಾಸ, ಐದನೆಯದು ರುದ್ರನ ಸಾಯುಜ್ಯ, ದುಃಖಾಂತ. ದಾರಿಯಲ್ಲಿ ಅವನಿಗೆ ಒದಗುವ ಶಕ್ತಿಗಳನ್ನು ಸೂತ್ರಗಳು ಹೆಸರಿಸುತ್ತವೆ: ದೂರದರ್ಶನ, ದೂರಶ್ರವಣ, ಸರ್ವಜ್ಞತೆ, ಬಯಸಿದ ರೂಪವನ್ನು ತಾಳುವ ಕಾಮರೂಪಿತ್ವ, ಮತ್ತು ಮನೋಜವಿತ್ವ. ಮನಸ್ಸಿನಲ್ಲಿ ಮೂಡಿದ ಕ್ಷಣದಲ್ಲಿಯೇ ಕಾರ್ಯವೂ ಮುಗಿದಿರುವುದು, ಸಂಕಲ್ಪಕ್ಕೂ ಸಿದ್ಧಿಗೂ ನಡುವೆ ಕಾಲವೆಂಬುದು ಕಾಲಿಡಲು ಎಡೆಯಿಲ್ಲದಿರುವುದು, ಇದು ಮನೋಜವಿತ್ವ.

ಇವರು ಪತಂಜಲಿಯನ್ನೂ ಓದುತ್ತಿದ್ದರು. ಯೋಗಸೂತ್ರದ ಮೂರನೆಯ ಪಾದದಲ್ಲಿ, ವಸ್ತುವಿನ ಪರಿಣಾಮಗಳ ಮೇಲೆ ಚಿತ್ತವನ್ನು ಸಂಯಮಗೊಳಿಸಿದವನಿಗೆ ಕಳೆದುಹೋದುದರ ಮತ್ತು ಬರಲಿರುವುದರ ಜ್ಞಾನವುಂಟಾಗುವುದೆಂದು ಹೇಳಿದೆ. ಆ ಪಾದದ ಕೊನೆಯಲ್ಲಿ ಕ್ಷಣವನ್ನು ಕುರಿತು ಬರುವ ಸೂತ್ರಕ್ಕೆ ವ್ಯಾಸಭಾಷ್ಯವು ಕೊಡುವ ವಿವರಣೆ ಇನ್ನೂ ಗಂಭೀರವಾದದ್ದು. ಎರಡು ಕ್ಷಣಗಳು ಒಮ್ಮೆಗೇ ಇರಲಾರವಾದುದರಿಂದ, ಮುಹೂರ್ತ, ಹಗಲು, ಇರುಳು ಎಂದು ನಾವು ಕೂಡಿಸಿ ಹೇಳುವ ಕಾಲವು ವಸ್ತುವೇ ಅಲ್ಲ, ಬುದ್ಧಿಯು ಕಟ್ಟಿಕೊಂಡ ರಚನೆ. ನಿಜವಾಗಿ ಇರುವುದು ಈ ಒಂದು ಕ್ಷಣ ಮಾತ್ರ, ಲೋಕವೆಲ್ಲವೂ ಆ ಒಂದೇ ಕ್ಷಣದಲ್ಲಿ ತನ್ನ ಪರಿಣಾಮವನ್ನು ಅನುಭವಿಸುತ್ತದೆ ಎಂಬುದು ಭಾಷ್ಯದ ಅಭಿಪ್ರಾಯ. ಬುದ್ಧಿಯು ಕಟ್ಟಿದ್ದನ್ನು ಬುದ್ಧಿಯೇ ಬಿಚ್ಚಲು ಸಾಧ್ಯವಿರಬೇಕಲ್ಲವೆ? ಕಾಲವನ್ನು ಮನಸ್ಸಿನಿಂದ ಬಾಗಿಸುವ ಸಿದ್ಧರ ಕಥೆಗಳೆಲ್ಲ ಈ ಒಂದು ಆಶೆಯ ಬೇರಿನಿಂದ ಕವಲೊಡೆದವುಗಳು.

ಇಂಥ ಯತಿಗಳ ಪಾದಗಳನ್ನು ತೊಳೆದು ಅರಸರು ಭೂಮಿಯನ್ನು ಕೊಟ್ಟರು. ‘ಕಾಲಂ ಕರ್ಚಿ ಧಾರಾಪೂರ್ವಕಂ’ ಎಂಬುದು ಆ ಶಾಸನಗಳ ವಾಡಿಕೆಯ ಮಾತು. ಯಮ, ನಿಯಮ, ಸ್ವಾಧ್ಯಾಯ, ಧ್ಯಾನ, ಧಾರಣ, ಮೌನ, ಜಪ, ಸಮಾಧಿಗಳ ಶೀಲದಿಂದ ಸಂಪನ್ನರೆಂಬುದು ಅವರಿಗೆ ಸಲ್ಲುವ ಬಿರುದು. ದಾನವು ಆಚಂದ್ರಾರ್ಕವಾಗಿ, ಸೂರ್ಯಚಂದ್ರರಿರುವತನಕ ನಡೆಯಬೇಕು. ಅದನ್ನು ಕೆಡಿಸಿದವನು ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟಬೇಕು. ಇವುಗಳನ್ನು ಶಾಸನದ ಒಣ ವಾಡಿಕೆಗಳೆಂದು ಓದಿ ಮುಂದೆ ಸಾಗುವವರೇ ಹೆಚ್ಚು. ನನಗೆ ಹಾಗೆ ತೋರುವುದಿಲ್ಲ. ಕ್ಷಣವೊಂದೇ ಸತ್ಯವೆಂದು ಬೋಧಿಸಿದವರೂ ತಮ್ಮ ಮಠದ ಗದ್ದೆಯನ್ನು ಸೂರ್ಯಚಂದ್ರರ ಆಯುಸ್ಸಿಗೆ ಕಟ್ಟಿಟ್ಟರೆಂಬುದರಲ್ಲಿ ಮನುಷ್ಯಹೃದಯದ ಎರಡೂ ಬದಿಗಳು ಕಾಣುತ್ತವೆ.

ಕಾಳಾಮುಖರ ಮಠಗಳಲ್ಲಿ ಅತ್ಯಂತ ಪ್ರಸಿದ್ಧವಾದುದು ಶಿಕಾರಿಪುರ ತಾಲ್ಲೂಕಿನ ಬಳ್ಳಿಗಾವೆಯ ಕೇದಾರೇಶ್ವರನ ಸನ್ನಿಧಿಯಲ್ಲಿದ್ದ ಕೋಡಿಯ ಮಠ. ಶಕ್ತಿಪರ್ಷೆಯೆಂಬ ಕವಲಿನಲ್ಲಿ ಪರ್ವತಾವಳಿಯ ಮೂವರಕೋಣೆಯ ಸಂತತಿಯೆಂದು ಹೆಸರಾದ ಆ ಮಠವನ್ನು, ಕಳಚುರಿ ಬಿಜ್ಜಳನ ಕಾಲದಲ್ಲಿ, 1162ರಲ್ಲಿ ಹುಟ್ಟಿದ ಶಾಸನವೊಂದು ವರ್ಣಿಸಿರುವ ರೀತಿ ಕನ್ನಡಿಗರೆಲ್ಲರೂ ತಿಳಿದಿರಬೇಕಾದುದು. ನಾಲ್ಕು ವೇದಗಳು, ಕೌಮಾರ ಪಾಣಿನೀಯ ಶಾಕಟಾಯನ ಮೊದಲಾದ ವ್ಯಾಕರಣಗಳು, ಬೌದ್ಧವೂ ಸೇರಿದಂತೆ ದರ್ಶನಗಳು, ಲಾಕುಳ ಸಿದ್ಧಾಂತ, ಪಾತಂಜಲ ಯೋಗ, ಹದಿನೆಂಟು ಪುರಾಣಗಳು, ಕಾವ್ಯನಾಟಕಗಳು ಅಲ್ಲಿ ವ್ಯಾಖ್ಯಾನಗೊಳ್ಳುತ್ತಿದ್ದವು. ದೀನರು, ಅನಾಥರು, ಕುಂಟರು, ಕುರುಡರು, ಕಿವುಡರು, ಕಥೆ ಹೇಳುವವರು, ಹಾಡುವವರು, ಕೊಳಲೂದುವವರು, ಕುಣಿಯುವವರು, ಜೈನ ಕ್ಷಪಣಕರು, ಏಕದಂಡಿ ತ್ರಿದಂಡಿಗಳು, ಹೀಗೆ ಬಂದವರಿಗೆಲ್ಲ ಅನ್ನ ದೊರೆಯುತ್ತಿತ್ತು. ನಾನಾ ರೋಗಿಗಳಿಗೆ ಔಷಧವನ್ನು ಕೊಡುವ ಸ್ಥಾನವದು. ಸಕಲ ಭೂತಗಳಿಗೂ ಅಭಯವನ್ನು ಕೊಡುವ ಸ್ಥಾನವದು. ಇದೇ ಕಾಳಾಮುಖರನ್ನು ಕುರಿತು ಶ್ರೀಭಾಷ್ಯದಲ್ಲಿ ರಾಮಾನುಜಾಚಾರ್ಯರು, ಕಪಾಲದಲ್ಲಿ ಉಣ್ಣುವವರು, ಹೆಣದ ಬೂದಿಯಲ್ಲಿ ಮೀಯುವವರು, ಸುರಾಕುಂಭವನ್ನಿಟ್ಟು ಅದರಲ್ಲಿ ದೇವರನ್ನು ಪೂಜಿಸುವವರು ಎಂದು ಬರೆದಿದ್ದಾರೆ. ಆಚಾರ್ಯರ ಮಾತನ್ನು ಅಲ್ಲಗಳೆಯುವ ಧಾರ್ಷ್ಟ್ಯ ನನಗಿಲ್ಲ. ಪಂಥವೊಂದರಲ್ಲಿ ಬಗೆಬಗೆಯ ಜನರಿರುವುದು ಸಹಜ. ಆದರೆ ಬಳ್ಳಿಗಾವೆಯ ಕಲ್ಲು ನುಡಿಯುವ ಸಾಕ್ಷ್ಯವನ್ನು ಕೇಳಿದ ಬಳಿಕ ಆ ಒಂದು ನಿಂದೆಯಿಂದಲೇ ಈ ಯತಿಗಳನ್ನು ಅಳೆಯುವುದು ನ್ಯಾಯವಾಗದು.

ಹೆಂಜೇರಿನ ಭಾಗ್ಯವು ಬಳ್ಳಿಗಾವೆಯಷ್ಟು ದಿನ ಉಳಿಯಲಿಲ್ಲ. ಚಿಲ್ಲುಕನ ಶಾಸನವು ಹುಟ್ಟಿ ಒಂದು ತಲೆಮಾರು ಕಳೆಯುವುದರೊಳಗೆ ಗಂಗ ದೊರೆ ಮಾರಸಿಂಹನು ನೊಳಂಬರನ್ನು ಮುರಿದು ‘ನೊಳಂಬಕುಲಾಂತಕ’ನೆಂಬ ಬಿರುದನ್ನು ಧರಿಸಿದನು. ಒಂದು ಕುಲಕ್ಕೇ ಅಂತಕನೆನಿಸಿಕೊಂಡ ಆ ವೀರನು ಮುಂದೆ ರಾಜ್ಯವನ್ನು ತೊರೆದು, ಬಂಕಾಪುರದಲ್ಲಿ ಅಜಿತಸೇನ ಭಟ್ಟಾರಕರ ಸನ್ನಿಧಿಯಲ್ಲಿ ಸಲ್ಲೇಖನದಿಂದ ದೇಹವನ್ನು ಬಿಟ್ಟನೆಂಬುದು ಎಂಥ ಗಂಭೀರವಾದ ಮುಕ್ತಾಯ! ಅನಂತರ ಬಂದ ಚೋಳರು ನೊಳಂಬವಾಡಿಯನ್ನು ಸೂರೆಗೊಂಡರು. ನುಣುಪಾದ ಕರಿಯ ಕಲ್ಲಿನಲ್ಲಿ ನೊಳಂಬ ಶಿಲ್ಪಿಗಳು ಕಡೆದ ಕಂಬಗಳು ಕಾವೇರಿಯ ತೀರದ ತಿರುವೈಯಾರಿನ ದೇವಾಲಯಕ್ಕೆ ಸೇರಿ ಇಂದಿಗೂ ಅಲ್ಲಿಯೇ ನಿಂತಿವೆ.

ಅರಸುಮನೆತನಗಳು ಹೀಗೆ ಬದಲಾದುವು. ಪಾವಗಡ ತಾಲ್ಲೂಕಿನ ನಿಡುಗಲ್ಲಿನಲ್ಲಿ ನೆಲೆಸಿದ ಚೋಳವಂಶದ ಅರಸರು, ಇರುಂಗೋಳ ಮೊದಲಾದವರು, ಹನ್ನೆರಡು ಹದಿಮೂರನೆಯ ಶತಮಾನಗಳಲ್ಲಿ ಈ ಸೀಮೆಯನ್ನು ಆಳಿದರು. ಆ ಬೆಟ್ಟಕ್ಕೆ ಅವರ ಶಾಸನಗಳು ಕೊಡುವ ಮತ್ತೊಂದು ಹೆಸರು ಕಾಲಾಂಜನ. ಕಪ್ಪು ಮತ್ತು ಸಮಯ ಎಂಬ ಎರಡು ಅರ್ಥಗಳು ಈ ಹೆಸರಿನಲ್ಲಿಯೂ ಸುಳಿಯುತ್ತವೆ. ಅದೇ ಪಾವಗಡದ ಪಟ್ಟಣಕ್ಕೆ ಇಂದು ಶನಿವಾರಗಳಲ್ಲಿ ಜನ ಹಿಂಡುಹಿಂಡಾಗಿ ಬಂದು ಶನೈಶ್ಚರನಿಗೆ ಎಳ್ಳೆಣ್ಣೆಯ ದೀಪವನ್ನು ಹಚ್ಚುತ್ತಾರೆ. ಸೂರ್ಯನನ್ನು ಒಂದು ಸಲ ಸುತ್ತಲು ಇಪ್ಪತ್ತೊಂಬತ್ತೂವರೆ ವರ್ಷಗಳನ್ನು ತೆಗೆದುಕೊಳ್ಳುವ ಆ ಮಂದಗಾಮಿಯ ಏಳರಾಟವನ್ನು, ಏಳೂವರೆ ವರ್ಷಗಳ ಕಷ್ಟಕಾಲವನ್ನು, ಹೇಗಾದರೂ ದಾಟಿಸೆಂದು ಅವರು ಬೇಡುವ ಮೊರೆಯನ್ನು ಕೇಳಿದವರಿಗೆ, ಕಾಲದ ಭಯವು ಯತಿಗಳ ಗುಹೆಯಲ್ಲಿ ಮಾತ್ರ ಹುಟ್ಟಿದುದಲ್ಲವೆಂದು ತಿಳಿಯುತ್ತದೆ.

ಪಂಥದ ಕಥೆಯು ಈಗ ಒಂದು ವಿಚಿತ್ರವಾದ ತಿರುವನ್ನು ಪಡೆಯುತ್ತದೆ. ಕೋಡಿಯ ಮಠದ ಆ ಬಳ್ಳಿಗಾವೆಯಲ್ಲಿಯೇ, ಆ ಹನ್ನೆರಡನೆಯ ಶತಮಾನದಲ್ಲಿಯೇ, ದೇವಾಲಯದಲ್ಲಿ ಮದ್ದಳೆಯನ್ನು ನುಡಿಸುತ್ತಿದ್ದ ತರುಣನೊಬ್ಬನಿದ್ದನು. ಅವನೇ ಅಲ್ಲಮ. ಹರಿಹರನು ತನ್ನ ರಗಳೆಯಲ್ಲಿ ಹೇಳುವಂತೆ, ಪ್ರಿಯೆಯನ್ನು ಕಳೆದುಕೊಂಡು ಮರುಳನಂತೆ ಅಲೆಯುತ್ತಿದ್ದ ಅಲ್ಲಮನು ತೋಟವೊಂದರಲ್ಲಿ ಕುಳಿತು ಕಾಲ ಉಂಗುಟದಿಂದ ನೆಲವನ್ನು ಕೆದಕುತ್ತಿರಲು, ಮಣ್ಣಿನಡಿಯಲ್ಲಿ ಚಿನ್ನದ ಕಲಶವೊಂದು ಹೊಳೆಯಿತು. ಅಗೆದು ನೋಡಿದರೆ ಹೂತುಹೋದ ದೇವಾಲಯ. ಬಾಗಿಲನ್ನು ತೆರೆದು ಒಳಹೊಕ್ಕರೆ, ಕರತಲದ ಲಿಂಗದಲ್ಲಿ ನೋಟವನ್ನು ನೆಟ್ಟು, ರೆಪ್ಪೆಯನ್ನು ಮಿಟುಕಿಸದೆ ಕುಳಿತ ಯೋಗಿ. ಅವನ ಹೆಸರು ಅನಿಮಿಷಯ್ಯ. ರೆಪ್ಪೆ ಬಡಿಯುವಷ್ಟು ಹೊತ್ತಿಗೆ ನಿಮಿಷವೆಂದು ಹೆಸರಿಟ್ಟು ಕಾಲವನ್ನು ಅಳೆದ ನಾಡಿನಲ್ಲಿ, ರೆಪ್ಪೆಯನ್ನೇ ಬಡಿಯದವನಿಗೆ ಕಾಲವೆಲ್ಲಿಯದು? ಮೇಲೆ ಮಣ್ಣು ಬೆಳೆದು ತೋಟವಾಗಿ, ಮರಗಳು ಹೂಬಿಟ್ಟು, ಎಷ್ಟೋ ತಲೆಮಾರುಗಳು ತಿರುಗಾಡಿದರೂ ಕೆಳಗೆ ಅವನಿಗೆ ಅದೇ ಒಂದು ನೋಟ. ಆ ಲಿಂಗವನ್ನು ಅಲ್ಲಮನ ಕೈಗೆ ಒಪ್ಪಿಸಿದೊಡನೆ ಅವನ ಪ್ರಾಣವು ಹೊರಟುಹೋಯಿತು. ಒಂದು ಮಾತನ್ನೂ ಆಡದೆ ನಡೆದ ಈ ಉಪದೇಶಕ್ಕೆ ಸಮನಾದ ಇನ್ನೊಂದು ಗುರುಶಿಷ್ಯ ಸಮಾಗಮವನ್ನು ಕನ್ನಡ ಸಾಹಿತ್ಯದಲ್ಲಿ ನಾನು ಕಾಣೆ. ಎಷ್ಟು ಕಾಲವಾದರೂ ಕಾದಿರುವುದು, ಪಡೆಯತಕ್ಕವನು ಬಂದೊಡನೆ ಕೊಟ್ಟು ಹೊರಡುವುದು. ಹೆಂಜೇರಿನ ಕಲ್ಲಿನಲ್ಲಿ ಮೂಡಿದ ಭಯಕ್ಕೆ ಬಳ್ಳಿಗಾವೆಯ ಈ ಕಥೆಯು ಉತ್ತರವೆಂಬಂತೆ ನನಗೆ ಭಾಸವಾಗುತ್ತದೆ.

ಹದಿನೈದನೆಯ ಶತಮಾನದಲ್ಲಿ ಸ್ವಾತ್ಮಾರಾಮನು ಹಠಪ್ರದೀಪಿಕೆಯನ್ನು ರಚಿಸಿ, ಕಾಲನ ದಂಡವನ್ನು ಮುರಿದು ಬ್ರಹ್ಮಾಂಡದಲ್ಲಿ ಸಂಚರಿಸುವ ಮಹಾಸಿದ್ಧರನ್ನು ಪಟ್ಟಿಮಾಡಿದಾಗ, ಮತ್ಸ್ಯೇಂದ್ರ ಗೋರಕ್ಷರ ಸಾಲಿನಲ್ಲಿ ನಮ್ಮ ಅಲ್ಲಮಪ್ರಭುವಿನ ಹೆಸರನ್ನೂ ಸೇರಿಸಿದನು. ಗೌರವವೇನೋ ದೊಡ್ಡದು. ಆದರೆ ಅದೇ ಶತಮಾನದಲ್ಲಿ, ಪ್ರೌಢದೇವರಾಯನ ಕಾಲದಲ್ಲಿ, ಚಾಮರಸನು ಪ್ರಭುಲಿಂಗಲೀಲೆಯಲ್ಲಿ ಹೇಳಿದ ಕಥೆಯೇ ಬೇರೆ. ಮುಪ್ಪು ಸಾವುಗಳು ಸೋಂಕದಂತೆ ದೇಹವನ್ನು ವಜ್ರವಾಗಿ ಮಾಡಿಕೊಂಡಿದ್ದ ಗೋರಕ್ಷನು ತನ್ನ ಮೇಲೆ ಖಡ್ಗವನ್ನು ಬೀಸೆಂದು ಅಲ್ಲಮನನ್ನು ಕೇಳಿದನು. ಖಡ್ಗ ತಾಗಿ ಖಣಿಲೆಂಬ ಸದ್ದಾಯಿತು, ಕೂದಲೂ ಕೊಂಕಲಿಲ್ಲ. ಅನಂತರ ಗೋರಕ್ಷನು ಅಲ್ಲಮನ ಮೇಲೆ ಬೀಸಿದನು. ಖಡ್ಗವು ಬಯಲಿನಲ್ಲಿ ಆಡಿದಂತೆ ಈ ಕಡೆಯಿಂದ ಆ ಕಡೆಗೆ ಹಾದುಹೋಯಿತು. ಸದ್ದು ಮಾಡುವ ದೇಹವು ಇನ್ನೂ ಕಾಲದೊಳಗೇ ಇದೆ ಎಂದು ಗೋರಕ್ಷನಿಗೆ ಅಂದು ತಿಳಿಯಿತು.

ಕಾಳಾಮುಖರೆಂಬ ಹೆಸರು ಕ್ರಮೇಣ ಶಾಸನಗಳಿಂದ ಮರೆಯಾಯಿತು. ವಿಜಯನಗರದ ಆರಂಭಕಾಲದಲ್ಲಿ ರಾಜಗುರುವೆನಿಸಿದ್ದ ಕಾಶೀವಿಲಾಸ ಕ್ರಿಯಾಶಕ್ತಿಯಂಥವರಲ್ಲಿ ಅದು ಕಡೆಯ ಬಾರಿ ಹೊಳೆಯಿತು. ಮುಂದೆ ಮಠಗಳು ವೀರಶೈವದ ಆಶ್ರಯದಲ್ಲಿ ಬೆರೆತುಹೋದುವು. ಆದರೆ ಕೊರಟಗೆರೆ ತಾಲ್ಲೂಕಿನ ಸಿದ್ಧರಬೆಟ್ಟವನ್ನು ಏರಿದವನಿಗೆ, ಶಾಸನದಿಂದ ಅಳಿದದ್ದು ಜನರ ಬಾಯಿಯಿಂದ ಅಳಿದಿಲ್ಲವೆಂದು ಗೊತ್ತಾಗುತ್ತದೆ. ಬಂಡೆಗಳ ನಡುವಿನ ಮೆಟ್ಟಿಲುಗಳನ್ನು ಹತ್ತಿ, ತಲೆಬಾಗಿ ಗುಹೆಯನ್ನು ಹೊಕ್ಕರೆ, ತಂಪಾದ ಕತ್ತಲೆಯಲ್ಲಿ ಸಿದ್ಧೇಶ್ವರನ ಸನ್ನಿಧಿ, ಕಲ್ಲಿನ ಸಂದಿನ ನೀರು. ಬೆಟ್ಟದ ಗಿಡಮೂಲಿಕೆಗಳಿಗೆ ವೈದ್ಯರ ಬಾಯಲ್ಲಿ ದೊಡ್ಡ ಹೆಸರು. ಮಧುಗಿರಿ, ಶಿರಾ, ಪಾವಗಡಗಳಿಂದಲೂ ಜನ ರೋಗಪರಿಹಾರಕ್ಕಾಗಿ ಇಲ್ಲಿಗೆ ಬರುತ್ತಾರೆ. ಇಲ್ಲಿದ್ದ ಸಿದ್ಧರು ಸಾಯಲಿಲ್ಲ, ಕಣ್ಣಿಗೆ ಕಾಣದಂತೆ ಈಗಲೂ ತಿರುಗಾಡುತ್ತಿದ್ದಾರೆ ಎಂದು ಅವರ ನಂಬಿಕೆ. ಈ ಬೆಟ್ಟವನ್ನೂ ಲಾಕುಳರನ್ನೂ ಒಂದೇ ದಾರದಲ್ಲಿ ಪೋಣಿಸಿಬಿಡುವ ಆತುರ ನನಗಿಲ್ಲ. ಆದರೂ ಪಾಶುಪತಸೂತ್ರದ ಗುಹಾವಾಸಿಯಾದ ಸಾಧಕನೂ, ಕೋಡಿಯ ಮಠದ ಔಷಧಸ್ಥಾನವೂ ಆ ಕತ್ತಲೆಯಲ್ಲಿ ನಿಂತಾಗ ಒಟ್ಟಿಗೇ ನೆನಪಾಗುತ್ತವೆ.

ಹೇಮಾವತಿಯ ದೇವಾಲಯಗಳಲ್ಲಿ ಇಂದಿಗೂ ಪೂಜೆ ನಡೆಯುತ್ತದೆ. ಅಲ್ಲಿನ ಸಿದ್ಧೇಶ್ವರನು ಲಿಂಗರೂಪಿಯಲ್ಲ. ಜಟೆಯನ್ನು ಹೊತ್ತು, ಮನುಷ್ಯರ ಹಾಗೆ ಕುಳಿತು, ಬಂದವರನ್ನು ನೋಡುತ್ತಿರುವ ಮೂರ್ತಿ. ಶಿವರಾತ್ರಿಯ ಜಾತ್ರೆಗೆ ಗಡಿಯ ಎರಡೂ ಕಡೆಗಳಿಂದ ಜನ ನೆರೆಯುತ್ತಾರೆ, ಕನ್ನಡದಲ್ಲಿಯೂ ತೆಲುಗಿನಲ್ಲಿಯೂ ಹರಕೆಯನ್ನು ಹೇಳಿಕೊಳ್ಳುತ್ತಾರೆ. ಚಿಲ್ಲುಕನೆಂಬ ಹೆಸರು ಅವರಾರಿಗೂ ಗೊತ್ತಿಲ್ಲ. ಲಕುಲೀಶನನ್ನೂ ಅವರು ಕೇಳಿದವರಲ್ಲ. ಅವರು ದೇವರನ್ನು ಕರೆಯುವುದು ಹಳೆಯ ರಾಜಧಾನಿಯ ಹೆಸರಿನಿಂದ, ಹೆಂಜೇರಪ್ಪನೆಂದು. ಆ ಹೆಸರನ್ನೇ ಮನೆಯಲ್ಲಿ ಹುಟ್ಟಿದ ಗಂಡುಮಗುವಿಗೂ ಇಡುತ್ತಾರೆ. ಸಂಜೆಯ ಹೊತ್ತು ಶಿರಾ ಸೀಮೆಯ ಯಾವುದಾದರೂ ಕಡಲೆಕಾಯಿ ಹೊಲದ ಬದುವಿನಲ್ಲಿ ನಿಂತ ತಾಯಿಯೊಬ್ಬಳು, ಕುರಿಗಳನ್ನು ಹೊಡೆದುಕೊಂಡು ಬಾರೋ ಎಂದು ಮಗನನ್ನು ಆ ಹೆಸರು ಹಿಡಿದು ಕೂಗುತ್ತಾಳೆ.